ಜೋಡಿ ಫೋಟೋದಲ್ಲಿ ಕೂತವಳು

ನಿನ್ನೆಯಿಂದ ಮನೆ ತುಂಬ ಬಾಳೆಹಣ್ಣಿನ ವಾಸನೆ. ಪೇಟೆಯಲ್ಲಿ ಸಿಗುವ ಹಳದಿ ಬಾಳೆಯದಲ್ಲ, ಕಮಲಾಪುರದ ಕೆಂಪು ಬಾಳೆಯದು. ಸಿಪ್ಪೆ ಮೆತ್ತಗಾಗುವ ಹೊತ್ತಿಗೆ ಅಡುಗೆಮನೆಯಲ್ಲಿಟ್ಟ ಹಣ್ಣು ಗೇಟಿನ ತನಕ ಘಮ್ಮೆನ್ನುತ್ತದೆ. ಹುಮನಾಬಾದಿನಲ್ಲಿ ಮದುವೆ ಮುಗಿಸಿಕೊಂಡು ಬರುವಾಗ ಕಮಲಾಪುರದಲ್ಲಿ ಕಾರು ನಿಲ್ಲಿಸಿ ಇಳಿದವಳು ಅರ್ಧ ಗೊನೆ ಹೊತ್ತು ತಂದಿದ್ದೇನೆ. 'ಇಷ್ಟ ಹಣ್ಣ ಯಾರ ತಿನ್ನೋರು? ಜೇವರ್ಗಿ ಕಾಲೋನಿಗೆಲ್ಲ ಹಂಚ್ತೀ ಏನ್?' ಎಂದು ನಮ್ಮ ಯಜಮಾನರು ಬೆಳಿಗ್ಗೆಯಿಂದ ಎರಡು ಸಲ ಕೇಳಿದ್ದಾರೆ. ಅವರಿಗೆ ಅದು ಬರೀ ಹಣ್ಣು. ನನಗೆ ಮಾತ್ರ ಅದು ಸರಕಾರಿ ಫೈಲಿನ ವಾಸನೆ.

ನಗಬೇಡಿ, ಹೇಳುತ್ತೇನೆ. ಕಮಲಾಪುರ ತಾಲೂಕಾದ ಹೊಸದರಲ್ಲಿ ನನ್ನನ್ನು ಅಲ್ಲಿನ ಒಂದು ಕಚೇರಿಗೆ ಗುಮಾಸ್ತಳಾಗಿ ಹಾಕಿದ್ದರು. ಶಾಲೆ ಮಾಸ್ತರರ ಪೆನ್ಶನ್ ಕಾಗದ ತಯಾರು ಮಾಡುವುದು ನನ್ನ ಕೆಲಸ. ಕಚೇರಿ ಇದ್ದದ್ದು ಬಾಡಿಗೆ ಮನೆಯಲ್ಲಿ. ಮೊದಲು ಅಡುಗೆಮನೆಯಾಗಿದ್ದ ಕೋಣೆಯೇ ನಮ್ಮ ದಫ್ತರ ಕೋಣೆ. ಅಲ್ಲಿದ್ದ ಒಂದೇ ಒಂದು ಕಬ್ಬಿಣದ ಅಲಮಾರಿಯಲ್ಲಿ ಮೇಲಿನ ಎರಡು ಖಾನೆ ಸೇವಾ ಪುಸ್ತಕಗಳಿಗೆ, ಕೆಳಗಿನದು ಜವಾನ ಮೆಹಬೂಬ್ ಸಾಬರ ಕಾಯಿ ಬಾಳೆಗೆ. 'ಒಳಗ ಗಾಳಿ ಆಡಲ್ಲ ಮೇಡಂ, ಮೂರು ದಿನದಾಗ ಮಸ್ತ್ ಹಣ್ಣ ಆಗ್ತಾವ' ಎನ್ನುತ್ತಿದ್ದರು ಅವರು. ಹೀಗಾಗಿ ಆ ವರ್ಷ ನನ್ನ ಕೈ ದಾಟಿ ಮೇಲೆ ಹೋದ ಪ್ರತಿ ಮಾಸ್ತರರ ಮೂವತ್ತು ವರ್ಷದ ಸೇವೆಗೂ ಕೆಂಪು ಬಾಳೆಯ ವಾಸನೆ ಹತ್ತಿತ್ತು.

ಬೆಳಿಗ್ಗೆ ಕಲಬುರಗಿಯಿಂದ ಬಸ್ಸು ಹಿಡಿಯುತ್ತಿದ್ದೆ. ಊರು ದಾಟುವ ತನಕ ನಿಂತುಕೊಂಡು, ಮಹಾಗಾಂವ ಕ್ರಾಸಿನಲ್ಲಿ ಅರ್ಧ ಬಸ್ಸು ಇಳಿದ ಮೇಲೆ ಕಿಟಕಿ ಪಕ್ಕ ಸೀಟು. ಆ ಸಲ ಮಿರಗದ, ಅಂದರೆ ಮೃಗಶಿರದ, ಮಳೆ ಹೇಳಿದ ಹೊತ್ತಿಗೆ ಬಂತು. ಎರಡು ತಿಂಗಳಿನಿಂದ ಬಾಣಲೆಯಂತೆ ಕಾದಿದ್ದ ಎರೆ ಹೊಲ ಒಂದೇ ರಾತ್ರಿಯಲ್ಲಿ ತಣ್ಣಗಾಗಿ, ಮರುದಿನವೇ ತೊಗರಿ ಬಿತ್ತಲು ಜನ ಇಳಿದಿದ್ದರು. ನನಗೂ ಹೊಸ ಹುಮ್ಮಸ್ಸು. ನಲವತ್ತರ ಹತ್ತಿರ ಬಂದಿದ್ದೆ, ಮನೆಯಲ್ಲಿ ಎಲ್ಲ ಸುರಳೀತ ನಡೆದಿತ್ತು, ಮತ್ತು ನನ್ನ ಅಕ್ಷರ ಮುತ್ತಿನ ಹಾಗಿವೆ ಎಂದು ಸಾಹೇಬರು ಎಲ್ಲರೆದುರು ಹೇಳಿದ್ದರು. ಆ ಮಾತು ನನ್ನ ತಲೆಗೇರಿತ್ತೆಂಬುದನ್ನು ಈಗ ಒಪ್ಪಿಕೊಳ್ಳುತ್ತೇನೆ.

ಅದೇ ವಾರ ಮಲ್ಕಪ್ಪ ಮಾಸ್ತರರು ಬಂದರು. ಮಹಾಗಾಂವದ ಶಾಲೆಯಿಂದ ಆಗಷ್ಟೇ ನಿವೃತ್ತರಾಗಿದ್ದವರು. ವಾಸ ಕಲಬುರಗಿಯಲ್ಲಿ, ಜಗತ್ ಸರ್ಕಲ್ಲಿನ ಹಿಂದಿನ ಒಂದು ಓಣಿಯಲ್ಲಿ. ತೊಳೆದ ಬಿಳಿ ಅಂಗಿ, ಕಿಸೆಯಲ್ಲಿ ಎರಡು ಪೆನ್ನು, ಮಾತು ಕಡಿಮೆ. ಕಾಗದಗಳನ್ನೆಲ್ಲ ಒಂದರ ಮೇಲೊಂದು ಜೋಡಿಸಿ ತಂದಿದ್ದರು, ಮೇಲೆ ಜೋಡಿ ಫೋಟೋ.

ಜೋಡಿ ಫೋಟೋ ಎಂದರೆ ಪೆನ್ಶನ್ ಕಾಗದಕ್ಕೆ ಹಚ್ಚುವ ಗಂಡ-ಹೆಂಡತಿಯ ಫೋಟೋ. ನೌಕರ ತೀರಿಕೊಂಡರೆ ಕುಟುಂಬ ಪಿಂಚಣಿ ಹೆಂಡತಿಗೆ ಹೋಗುತ್ತದಲ್ಲ, ಆಗ ಇವಳೇ ಆಕೆ ಎಂದು ಗುರುತು ಹಿಡಿಯಲು ಅದು ಬೇಕು. ನಾನು ಅಂಥವು ಎಷ್ಟೋ ಹಚ್ಚಿದ್ದೇನೆ. ಒಂದೇ ಮನೆಯಲ್ಲಿ ಆಯುಷ್ಯ ಕಳೆದವರು ಆ ಫೋಟೋದಲ್ಲಿ ಮಾತ್ರ ಬಸ್ಸಿನ ಸೀಟು ಹಂಚಿಕೊಂಡ ಅಪರಿಚಿತರ ಹಾಗೆ ಕೂತಿರುತ್ತಾರೆ. ಇವರೂ ಹಾಗೇ ಇದ್ದರು. ಹೆಂಗಸು ಹುಬ್ಬಿನ ತನಕ ಸೆರಗು ಎಳೆದುಕೊಂಡಿದ್ದಳು, ವಯಸ್ಸು ಮಾಸ್ತರರಿಗಿಂತ ಹೆಚ್ಚೇ ಕಂಡಿತು. ಹಳ್ಳಿ ಹೆಣ್ಣುಮಕ್ಕಳು ದುಡಿದು ಬೇಗ ಬಾಡುತ್ತಾರೆ ಎಂದುಕೊಂಡೆ, ಏನನ್ನೂ ಕೇಳಲಿಲ್ಲ. ಸೇವಾ ಪುಸ್ತಕ ತೆಗೆದು, ಹೆಂಡತಿಯ ಹೆಸರು ನೋಡಿ, ಫೋಟೋದ ಕೆಳಗೆ ನನ್ನ ಮುತ್ತಿನಂಥ ಅಕ್ಷರದಲ್ಲಿ 'ಶ್ರೀಮತಿ ಇಂದ್ರಾಬಾಯಿ' ಎಂದು ಬರೆದೆ. ಮಾಸ್ತರರು ನಾನು ಬರೆಯುವುದನ್ನು ನೋಡುತ್ತ ನಿಂತಿದ್ದರು. ಏನೋ ಹೇಳಲು ಬಾಯಿ ತೆರೆದ ಹಾಗಾಯಿತು, ಮತ್ತೆ ಮುಚ್ಚಿಕೊಂಡರು. ನಾನು ಅಂಟು ಹಚ್ಚಿ, ಶಿಕ್ಕಾ ಒತ್ತಿ, ಫೈಲು ಕಟ್ಟಿಬಿಟ್ಟೆ.

ಹೆಸರನ್ನು ಗಟ್ಟಿಯಾಗಿ ಓದುತ್ತ ಬರೆಯುವುದು ನನ್ನ ರೂಢಿ. ಅದು ಮೆಹಬೂಬ್ ಸಾಬರ ಕಿವಿಗೆ ಬಿತ್ತು. ಅವರು ಬಾಳೆ ಕೊಳ್ಳುತ್ತಿದ್ದದ್ದು ಬಸ್‌ಸ್ಟ್ಯಾಂಡಿನ ಬದಿ ಕೂರುವ ಇಂದ್ರಾಬಾಯಿ ಹತ್ತಿರ. ಆಕೆಯನ್ನು ಗಂಡ ಮಾಸ್ತರ ಬಿಟ್ಟು ಇಪ್ಪತ್ತು ವರ್ಷವಾಗಿದೆ ಎಂಬುದು ಅವರಿಗೆ ಗೊತ್ತು. ಸಂಜೆ ಹಣ್ಣು ತರಲು ಹೋದವರು ಸಂತೋಷದಿಂದ ಹೇಳಿದ್ದಾರೆ. 'ಮುಬಾರಕ್ ಇಂದ್ರಾಬಾಯಿ! ನಿಮ್ಮ ಮಾಸ್ತರರ ಜೋಡಿ ಫೋಟೋ ತೆಗೆಸ್ಕೊಂಡ್ರಂತಲ್ಲ, ಪೆನ್ಶನ್ನಿಗೆ ನಿಮ್ಮ ಹೆಸರ ಹತ್ತ್ಯಾದ.'

ಮರುದಿನ ನಾನು ಬಸ್ಸಿಳಿದು ಬರುವುದರೊಳಗೆ ಆಕೆ ಕಚೇರಿ ಮೆಟ್ಟಿಲ ಮೇಲೆ ಕೂತಿದ್ದಳು. ಐವತ್ತೈದು ದಾಟಿದ ಗಟ್ಟಿ ಹೆಂಗಸು, ಗದ್ದದ ಮೇಲೆ ಹಚ್ಚೆ, ಬಾಳೆ ಕಲೆ ಹತ್ತಿದ ಕೈ.

'ನೀವೇನ್ರಿ ನನ್ನ ಹೆಸರ ಬರ್ದೋರು?'

'ಹೌದ್ರಿ.'

'ನಾ ಯಾವಾಗ ಫೋಟೋ ತೆಗೆಸೀನಿ? ಅಂವನ ಮಾರಿ ನೋಡಿ ಇಪ್ಪತ್ತ ವರ್ಷ ಆತು.'

ಫೈಲು ಬಿಚ್ಚಿದೆ. ಮೆಹಬೂಬ್ ಸಾಬರು ಬಗ್ಗಿ ನೋಡಿ, 'ಯಾ ಅಲ್ಲಾ, ಇದು ಇಂದ್ರಾಬಾಯಿ ಅಲ್ರಿ ಮೇಡಂ. ಗದ್ದದ ಮ್ಯಾಲ ಹಚ್ಚಿ ಇಲ್ಲ. ಯಾರೋ ಬ್ಯಾರೆ ಹೆಣಮಗಳು' ಎಂದರು. ನಾನು ಫೋಟೋವನ್ನು ಇಂದ್ರಾಬಾಯಿ ಕಡೆ ತಿರುಗಿಸಿದೆ. ಆಕೆ ಫಟ್ಟನೆ ಮುಖ ಆಚೆ ಮಾಡಿಕೊಂಡಳು.

'ನನಗ ತೋರಿಸಬ್ಯಾಡ್ರಿ. ಅಂವ ಯಾರನ್ನರ ಇಟ್ಕೊಳ್ಳಿ, ಆಕಿ ಮಾರಿ ಮಾತ್ರ ನಾ ನೋಡಂಗಿಲ್ಲ.'

ಆಕೆ ಅಂದು ಮುಖ ತಿರುಗಿಸದೆ ಆ ಫೋಟೋ ಒಮ್ಮೆ ನೋಡಿದ್ದರೆ ಈ ಕತೆ ಅಲ್ಲಿಗೇ ಮುಗಿಯುತ್ತಿತ್ತು. ನೋಡಲಿಲ್ಲ. ಅಭಿಮಾನ ದೊಡ್ಡದು. ನಮ್ಮ ಪೂರ್ತಿ ಮಳೆಗಾಲ ಅದರಲ್ಲೇ ಹೋಯಿತು.

ನಾನು ಮಾಸ್ತರರಿಗೆ ಫೋನು ಹಚ್ಚಿದೆ. 'ಫೋಟೋದಾಗ ಇದ್ದೋರು ಯಾರ್ರಿ ಸರ್?' ಎಂದೆ. 'ಮನಿಯಾಗ ಇರೋರು ಅವರೇ ರಿ ಮೇಡಂ. ಇಲ್ಲದವರನ್ನ ಎಲ್ಲಿಂದ ತರ್ಲಿ?' ಎಂದು ಫೋನು ಇಟ್ಟರು. ಅದಕ್ಕಿಂತ ಸ್ಪಷ್ಟವಾಗಿ ಇನ್ನೇನು ಹೇಳಬೇಕು? ಮಾಸ್ತರ ಎರಡನೆಯವಳನ್ನು ಮಾಡಿಕೊಂಡಿದ್ದಾನೆ ಎಂದು ಇಂದ್ರಾಬಾಯಿ ನಂಬಿದಳು, ಮೆಹಬೂಬ್ ಸಾಬರು ನಂಬಿದರು, ಪುಣ್ಯಾತ್ಗಿತ್ತಿ ನಾನೂ ನಂಬಿದೆ.

ಎಂಟು ದಿನದಲ್ಲಿ ಇಂದ್ರಾಬಾಯಿಯ ವಕೀಲರ ಕಡೆಯಿಂದ ತಕರಾರು ಅರ್ಜಿ ಬಂತು. ನಾನೇ ಲಗ್ನದ ಹೆಂಡತಿ, ಕುಟುಂಬ ಪಿಂಚಣಿಯ ಹಕ್ಕು ನನ್ನದು, ಫೋಟೋದಲ್ಲಿರುವವಳು ಯಾರೋ ಗೊತ್ತಿಲ್ಲ, ಫೈಲು ಮುಂದೆ ಕಳಿಸಕೂಡದು. ಹಿಂದೆಯೇ ಕಲಬುರಗಿ ಕೋರ್ಟಿನಲ್ಲಿ ಕೇಸು. ಮಾಸ್ತರರ ಉತ್ತರವೂ ಬಂತು. ಇಪ್ಪತ್ತು ವರ್ಷದ ಹಿಂದೆ ಕಮಲಾಪುರದಲ್ಲಿ ಹಿರಿಯರ ಎದುರು ಬಾಂಡ್ ಪೇಪರಿನ ಮೇಲೆ ಇಬ್ಬರೂ ಸಹಿ ಮಾಡಿ ಬೇರೆಯಾಗಿದ್ದೇವೆ, ಈಕೆಗೂ ನನಗೂ ಸಂಬಂಧವಿಲ್ಲ, ಸೇವಾ ಪುಸ್ತಕದಿಂದ ಆಕೆಯ ಹೆಸರು ತೆಗೆಯಬೇಕು. ಫೋಟೋದ ಬಗ್ಗೆ ಅದರಲ್ಲಿ ಒಂದಕ್ಷರ ಇರಲಿಲ್ಲ. ಆ ವಿಷಯ ಎತ್ತಿದರೆ ಸುಳ್ಳು ಫೋಟೋ ಕೊಟ್ಟ ಕೇಸಾಗುತ್ತದೆ ಎಂದು ಅವರ ವಕೀಲರು ಹೆದರಿಸಿದ್ದರೆಂದು ಆಮೇಲೆ ತಿಳಿಯಿತು.

ಫೈಲು ಅಲಮಾರಿಯಲ್ಲಿ ಬಾಳೆಕಾಯಿ ಜೊತೆ ಕೂತಿತು. ಹೊರಗೆ ಮಳೆ ಹಿಡಿದುಕೊಂಡಿತು. ಹೊಲದಲ್ಲಿ ಹೆಸರುಕಾಯಿ ಬಿಡಿಸುವ ಹೊತ್ತಿಗೆ ಹದಿನೈದು ದಿನ ಬಿಸಿಲೇ ಕಾಣಲಿಲ್ಲ. ಕಚೇರಿಯ ಪತ್ರಾಸಿನ ತಗಡು ಸೂರಿನ ಮೇಲೆ ಮಳೆ ಬಿದ್ದರೆ ಸಾಹೇಬರು ಕರೆದದ್ದೂ ಕೇಳುತ್ತಿರಲಿಲ್ಲ, ಕೇಳಿದರೂ ಕೇಳದಂತೆ ಕೂರುವುದು ಸುಲಭವಾಗಿತ್ತು. ನನಗೆ ಒಳಗೊಳಗೇ ಹೆದರಿಕೆ. ಆ ಹೆಸರು ಬರೆದದ್ದು ನಾನು, ಶಿಕ್ಕಾ ಒತ್ತಿದ್ದು ನಾನು.

ಇಂದ್ರಾಬಾಯಿ ಮಾತ್ರ ವಾರಕ್ಕೊಮ್ಮೆ ಬಂದು ಬಾಗಿಲ ಬದಿ ಕೂರುತ್ತಿದ್ದಳು. ಮೊದಲು ಜಗಳಕ್ಕೆ ಬರುತ್ತಿದ್ದವಳು, ಬರುಬರುತ್ತ ಬರೀ ಮಾತಿಗೆ ಬರತೊಡಗಿದಳು. ಅಣ್ಣನ ಮನೆಯ ಹಿಂದೆ ಒಂದು ತುಂಡು ಕೆಂಪು ಮಣ್ಣಿನ ಹೊಲ ಗೇಣಿಗೆ ಹಿಡಿದು ಬಾಳೆ ಹಚ್ಚಿದ್ದಳು. ಕೈಕಾಲು ಗಟ್ಟಿ ಇರುವ ತನಕ ಅದು ಸಾಕು. ಆಮೇಲೆ?

'ಅಂವನ ಜೋಡಿ ಇದ್ದದ್ದು ಎಂಟು ವರ್ಷ ರಿ. ಮನಿ ಕೀಲಿ ಒಂದಿನಾನೂ ನನ್ನ ಸೊಂಟಕ್ಕ ಬರ್ಲಿಲ್ಲ. ಎಲ್ಲಾ ಅವರಕ್ಕನ ಕೈಯಾಗ. ಸಕ್ಕರಿ ಡಬ್ಬಿಗೂ ಕೀಲಿ! ಚಹಾ ಕುಡಿಬೇಕಂದ್ರ ನಾಗಕ್ಕನ ಕೇಳ್ಬೇಕು. ಒಂದಿನ ಸಾಕಾಗಿ ಗಂಡಗ ಕೇಳ್ದೆ, ನಾ ಬೇಕೋ ಆ ಕೀಲಿಗೊಂಚಲ ಬೇಕೋ ಅಂತ. ಅಂವ ಬಾಯೇ ಬಿಡ್ಲಿಲ್ಲ. ನಾ ಎದ್ದ ಬಂದೆ.'

ನಾಗಮ್ಮ ಮಾಸ್ತರರ ಅಕ್ಕ. ಚಿಕ್ಕ ವಯಸ್ಸಿನಲ್ಲಿ ಗಂಡ ತೀರಿಕೊಂಡು, ತಾಯಿಯಿಲ್ಲದ ತಮ್ಮನ ಹತ್ತಿರ ಬಂದು ನಿಂತವಳು. ಪರರ ಹೊಲದಲ್ಲಿ ಕಳೆ ತೆಗೆದು ತಮ್ಮನನ್ನು ಓದಿಸಿದವಳು. ಅದನ್ನೂ ಇಂದ್ರಾಬಾಯಿಯೇ ಹೇಳಿದಳು, ಹೊಟ್ಟೆಕಿಚ್ಚಿಲ್ಲದೆ. ಆಕೆಯ ಸಿಟ್ಟು ಈಗ ನಾಗಮ್ಮನ ಮೇಲಿರಲಿಲ್ಲ, ಫೋಟೋದಲ್ಲಿದ್ದ ಆ ಗೊತ್ತಿಲ್ಲದ ಹೆಂಗಸಿನ ಮೇಲೆ ಇತ್ತು. 'ನಾಗಕ್ಕನ ಕೈಯಾಗ ಈ ಹೊಸಾಕಿ ಹ್ಯಾಂಗ ಬಾಳ್ವಿ ಮಾಡ್ತಾಳೋ ನೋಡ್ಬೇಕು' ಎಂದು ಒಂದು ದಿನ ನಕ್ಕಳು. 'ಪಾಪ, ಮುದುಕಿ ಇದ್ದಾಳೋ ಇಲ್ಲೋ' ಎಂದೂ ಅಂದಳು.

ತೊಗರಿ ಹೂ ಬಿಟ್ಟು ದಾರಿಯ ಎರಡೂ ಬದಿ ಹಳದಿಯಾಗಿದ್ದ ದಿನಗಳಲ್ಲಿ ನನಗೆ ಕೋರ್ಟಿನಿಂದ ಕರೆ ಬಂತು. ಮೂಲ ಫೈಲು ತೆಗೆದುಕೊಂಡು ಹಾಜರಾಗಬೇಕು. ಇಂದ್ರಾಬಾಯಿಯ ವಕೀಲರ ಹತ್ತಿರ ಇದ್ದದ್ದು ಜೆರಾಕ್ಸ್ ಪ್ರತಿ, ಅದರಲ್ಲಿ ಫೋಟೋ ಅಂದರೆ ಎರಡು ಮಸಿ ಮುದ್ದೆ. ನ್ಯಾಯಾಧೀಶರು ಮುಂದಿನದನ್ನು ಹೇಳುವ ಮೊದಲು ಮೂಲವನ್ನು ನೋಡಬೇಕೆಂದಿದ್ದರಂತೆ. ನಾನು ಫೈಲನ್ನು ಎದೆಗೊತ್ತಿಕೊಂಡು ಹೋದೆ. ಕೋರ್ಟಿನ ಕಾರಕೂನರು ಅದನ್ನು ಕೈಗೆ ತೆಗೆದುಕೊಂಡವರೇ ಮೂಗು ಹತ್ತಿರ ಹಿಡಿದು, 'ಇದ್ಯಾಕ್ರಿ ಹಣ್ಣಿನಂಗಡಿ ವಾಸನಿ ಬರಕತ್ತದ?' ಎಂದು ಕೇಳಿದರು. ಆ ಹೆದರಿಕೆಯಲ್ಲೂ ನನಗೆ ನಗು ಬಂತು.

ಒಳಗೆ ಒಂದು ಕಡೆ ಇಂದ್ರಾಬಾಯಿ, ಇನ್ನೊಂದು ಕಡೆ ಮಾಸ್ತರರು. ಒಬ್ಬರನ್ನೊಬ್ಬರು ನೋಡದಿರಲು ಇಬ್ಬರೂ ಬಹಳ ಕಷ್ಟಪಡುತ್ತಿದ್ದರು. ಹಿಂದಿನ ಬೆಂಚಿನಲ್ಲಿ ಒಬ್ಬ ಮುದುಕಿ ಬುತ್ತಿ ಗಂಟು ತೊಡೆ ಮೇಲಿಟ್ಟುಕೊಂಡು ಕೂತಿದ್ದಳು. ಯಾರದೋ ಕೇಸಿನ ಪೇಶಿಗೆ ಬಂದಿರಬೇಕೆಂದು ನಾನು ಗಮನ ಕೊಡಲಿಲ್ಲ.

ನ್ಯಾಯಾಧೀಶರು ಫೋಟೋ ನೋಡಿ, ಇಂದ್ರಾಬಾಯಿಯನ್ನು ನೋಡಿ, ಫೋಟೋ ಆಕೆಗೆ ಕೊಡಲು ಹೇಳಿದರು. 'ಇವರು ಯಾರು ಅಂತ ನಿಮಗೆ ಗೊತ್ತೇನಮ್ಮ?'

'ನಾ ನೋಡಂಗಿಲ್ರಿ ಸಾಹೇಬ್ರ.'

'ನೋಡದೇ ಬೇರೆಯವರು ಅಂತ ಹೆಂಗೆ ಹೇಳ್ತೀರಿ? ನೋಡಿ.'

ಕೋರ್ಟಿನ ಮಾತಿಗೆ ಇಲ್ಲವೆನ್ನಲು ಆಗುತ್ತದೆಯೇ? ಆಕೆ ಫೈಲನ್ನು ಕೈಗೆ ತೆಗೆದುಕೊಂಡು, ಮೊದಲು ಗಂಡನ ಮುಖ ನೋಡಿದಳು. ಆಮೇಲೆ ಕಣ್ಣು ನಿಧಾನ ಪಕ್ಕಕ್ಕೆ ಸರಿಯಿತು. ಮುಖಕ್ಕಲ್ಲ, ಸೊಂಟದ ಹತ್ತಿರಕ್ಕೆ. ಅಲ್ಲಿ ಸೆರಗಿನ ಅಂಚಿನಿಂದ ಕೀಲಿಗೊಂಚಲು ಇಣುಕುತ್ತಿತ್ತು. ಇಂದ್ರಾಬಾಯಿ ಫೈಲನ್ನು ಕಿಟಕಿ ಬೆಳಕಿಗೆ ತಿರುಗಿಸಿದಳು, ಮತ್ತೆ ಹತ್ತಿರ ತಂದಳು. ಇದ್ದಕ್ಕಿದ್ದಂತೆ ಬಾಯಿಗೆ ಸೆರಗು ಒತ್ತಿಕೊಂಡು ನಗತೊಡಗಿದಳು. ಭುಜ ಕುಲುಕುತ್ತಿತ್ತು. ಆಕೆಯ ವಕೀಲರಿಗೆ ದಿಕ್ಕು ತೋಚಲಿಲ್ಲ.

'ಯಾರಮ್ಮ ಇವರು?'

'ನಾಗಕ್ಕ ರಿ ಸಾಹೇಬ್ರ! ನನ್ನ ಗಂಡನ ಅಕ್ಕ ರಿ!'

ಹಿಂದಿನ ಬೆಂಚಿನಿಂದ ಮುದುಕಿ ಬುತ್ತಿ ಗಂಟು ಹಿಡಿದೇ ಎದ್ದು ನಿಂತಳು. 'ಯಾಕ ಇಂದ್ರಾ? ನನ್ನ ಹೆಸರ ಯಾಕ ತಗೀತೀಯವ್ವ?'

ಇಪ್ಪತ್ತು ವರ್ಷದ ಮೇಲೆ ಅವರಿಬ್ಬರ ನಡುವೆ ಆದ ಮೊದಲ ಮಾತು ಅದು. ಕೋರ್ಟಿನಲ್ಲಿದ್ದವರೆಲ್ಲ ನಕ್ಕರು. ನ್ಯಾಯಾಧೀಶರೂ ನಗು ತಡೆದುಕೊಂಡು ಸದ್ದು ಮಾಡಬೇಡಿ ಎಂದರು. ಆಮೇಲೆ ಫೋಟೋದ ಕೆಳಗಿನ ಅಕ್ಷರ ನೋಡಿ, 'ಇದನ್ನ ಬರೆದವರು ಯಾರು?' ಎಂದು ಕೇಳಿದರು. ನಾನು ಕೈ ಎತ್ತಿದೆ, ಶಾಲೆಯಲ್ಲಿ ಎತ್ತಿದ ಹಾಗೆ. 'ಅಕ್ಷರ ಚಂದ ಇವೆ' ಎಂದಷ್ಟೇ ಅಂದರು. ನನಗೆ ನೆಲ ಬಾಯಿ ಬಿಡಬಾರದೇ ಅನ್ನಿಸಿತು.

ನ್ಯಾಯಾಧೀಶರು ಮಾಸ್ತರರಿಗೆ ಎರಡು ಮಾತು ನೇರವಾಗಿ ಹೇಳಿದರು. ಆ ಬಾಂಡ್ ಪೇಪರ್ ಹಿಡಿದುಕೊಂಡು ಹೆಂಡತಿಯ ಹೆಸರು ತೆಗೆಸುವುದು ಸುಲಭವಲ್ಲ, ಮತ್ತು ತೆಗೆಸಿದರೂ ಅಕ್ಕನ ಹೆಸರು ಕುಟುಂಬ ಪಿಂಚಣಿಯಲ್ಲಿ ಬರುವುದಿಲ್ಲ. ಹೊರಗೆ ಹೋಗಿ ಕೂತು ಮಾತಾಡಿಕೊಂಡು ಬನ್ನಿ ಎಂದು ಮುಂದಿನ ತಾರೀಖು ಕೊಟ್ಟರು.

ಹೊರಗೆ ಬೇವಿನ ಮರದ ಕಟ್ಟೆ ಮೇಲೆ ಎಲ್ಲರೂ ಕೂತೆವು. ನನಗೆ ಹೋಗಲು ಅವಕಾಶವಿತ್ತು, ಕಾಲು ಬರಲಿಲ್ಲ. ನಾಗಮ್ಮನಿಗೆ ವಿಷಯ ತಿಳಿಸಿದ್ದು ನಾನೇ. ಪೆನ್ಶನ್ ಕಾಗದದಲ್ಲಿ ಹೆಂಡತಿಯ ಜಾಗದಲ್ಲಿ ನಿಮ್ಮ ಫೋಟೋ ಹಚ್ಚಲಾಗಿದೆ ಎಂದೆ. ಮುದುಕಿ ತಮ್ಮನ ಕಡೆ ತಿರುಗಿದಳು.

'ಏ ಮಲ್ಕ್ಯಾ, ಸಾಲ್ಯಾಗ ಸನ್ಮಾನ ಮಾಡ್ತಾರ, ಅದಕ್ಕ ಫೋಟೋ ಅಂತ ಅಂದಿದ್ಯಲ್ಲೋ!'

ಅರವತ್ತರ ಮಾಸ್ತರ ತಲೆ ತಗ್ಗಿಸಿ ಕೂತಿದ್ದರು. 'ಮತ್ತೇನ್ ಮಾಡ್ಲಿ ಅಕ್ಕ? ನಾ ಹೋದ ಮ್ಯಾಲ ನಿನಗ ಯಾರ ಅದಾರ? ಬಿಪಿ ಗುಳಿಗಿಗೆ ಯಾರ ಕೊಡೋರು? ನನಗ ಓದ್ಸಿದಾಕಿ ನೀ. ನನ್ನ ಪಗಾರದಾಗ ನಿನ್ನ ಪಾಲ ಇಲ್ಲಂದ್ರ ಯಾರ್ದದ? ಫೋಟೋ ತೆಗೆಸಿದ್ರ ನಿನಗ ಬರ್ತದ ಅಂತ ತಿಳ್ಕೊಂಡೆ. ಮೇಡಂ ಇಂದ್ರಾನ ಹೆಸರ ಬರ್ಯಾಕತ್ತಾಗ ಹೇಳ್ಬೇಕಂತ ಮಾಡ್ದೆ, ಬಾಯಿ ಬರ್ಲಿಲ್ಲ.'

ಆಗಲೇ ನನಗೆ ಪೂರ್ತಿ ಅರ್ಥವಾದದ್ದು. ಆ ಮನುಷ್ಯನಿಗೆ ಹೆಂಡತಿಯ ಮೇಲೆ ಹಗೆ ಇರಲಿಲ್ಲ. ಎಪ್ಪತ್ತರ ಅಕ್ಕನನ್ನು ಯಾರ ಕೈಗೆ ಒಪ್ಪಿಸಿ ಹೋಗುವುದು ಎಂಬ ಚಿಂತೆ ಅಷ್ಟೇ. ಅದಕ್ಕೆ ಕಾಯಿದೆಯಲ್ಲಿ ಜಾಗ ಹುಡುಕಿ, ಸಿಗದೆ, ಸ್ಟುಡಿಯೋದಲ್ಲಿ ಜಾಗ ಮಾಡಿಕೊಟ್ಟಿದ್ದ.

ನಾಗಮ್ಮನಿಗೆ ಮಾತ್ರ ಅಳು ಬರಲಿಲ್ಲ, ಸಿಟ್ಟು ಬಂತು. 'ಆಕಿ ಜಾಗಾದಾಗ ನಾ ಒಮ್ಮೆ ಕುಂತಿದ್ದಕ್ಕೇ ಆಕಿ ಮನಿ ಬಿಟ್ಲು. ಈಗ ಫೋಟೋದಾಗೂ ಕುಂದ್ರಿಸ್ದಿ? ನನಗ ಏನೂ ಬ್ಯಾಡ. ಲಗ್ನದಾಗ ಅಕ್ಕಿಕಾಳ ಹಾಕಿದಾಕಿ ನಾನು. ಈಕೀನೇ ನಿನ್ನ ಹೇಣ್ತಿ, ಬರ್ಕೊಡ್ತೀನಿ, ಎಲ್ಲಿ ಹೆಬ್ಬಟ್ಟ ಒತ್ಲಿ ಹೇಳ್ರಿ ಮೇಡಂ.'

ಗೆದ್ದವಳು ಇಂದ್ರಾಬಾಯಿಯೇ, ಆದರೆ ಮುಖದಲ್ಲಿ ಗೆದ್ದ ಕಳೆ ಇರಲಿಲ್ಲ. ನಾಗಮ್ಮ ಬುತ್ತಿ ಬಿಚ್ಚಿ ಜೋಳದ ರೊಟ್ಟಿ, ಪುಂಡಿಪಲ್ಯ, ಶೇಂಗಾ ಹಿಂಡಿ ತೆಗೆದಳು. ಮೊದಲ ರೊಟ್ಟಿ ತಮ್ಮನಿಗೆ ಕೊಡಲಿಲ್ಲ, ಇಂದ್ರಾಬಾಯಿಯ ಕೈಗಿಟ್ಟಳು. ಆಕೆ ಸ್ವಲ್ಪ ಹೊತ್ತು ಹಿಡಿದುಕೊಂಡೇ ಕೂತು, ಆಮೇಲೆ ಒಂದು ತುತ್ತು ಮುರಿದು ಬಾಯಿಗೆ ಹಾಕಿದಳು.

'ಪಲ್ಯಾಕ ಉಪ್ಪ ಕಮ್ಮಿ ಆಗ್ಯಾದ' ಎಂದಳು.

'ಇಪ್ಪತ್ತ ವರ್ಷದ ಹಿಂದೂ ಇದೇ ಅಂತಿದ್ದಿ' ಎಂದಳು ನಾಗಮ್ಮ.

ಮುಂದಿನ ತಾರೀಖಿಗೆ ಮಾಸ್ತರರು ಇಂದ್ರಾಬಾಯಿಯ ಹೆಸರು ಒಪ್ಪಿಕೊಂಡು ಬರೆದುಕೊಟ್ಟರು, ಕೇಸು ಮುಗಿಯಿತು. ಆಕೆ ಗಂಡನ ಮನೆಗೆ ವಾಪಸ್ಸು ಹೋದಳೇ ಎಂದು ಕೇಳಬೇಡಿ. ಹೋಗಲಿಲ್ಲ. ಬಾಳೆ ತೋಟ ಯಾರು ನೋಡಬೇಕು? ನನಗೆ ಸಾಹೇಬರಿಂದ ಕಾರಣ ಕೇಳಿ ನೋಟಿಸು ಬಂತು, ತಪ್ಪಾಯಿತೆಂದು ಬರೆದುಕೊಟ್ಟೆ, ಎಚ್ಚರಿಕೆಯಲ್ಲಿ ಮುಗಿಯಿತು. ಉತ್ತರವನ್ನು ಬೇಕೆಂದೇ ಸ್ವಲ್ಪ ಕೆಟ್ಟ ಅಕ್ಷರದಲ್ಲಿ ಬರೆದೆ.

ಎಳ್ಳಮಾಸಿಗೆ, ಎಳ್ಳು ಅಮಾವಾಸ್ಯೆಯ ಹಬ್ಬಕ್ಕೆ, ನಾಲ್ಕು ದಿನ ಇರುವಾಗ ಹೊಸ ಜೋಡಿ ಫೋಟೋ ತೆಗೆಸಲು ಜಗತ್ ಹತ್ತಿರದ ಸ್ಟುಡಿಯೋಕ್ಕೆ ಹೋದೆವು. ಹೋದೆವು ಎಂದೆ, ಯಾಕೆಂದರೆ ಈ ಸಲ ನಾನೂ ಜೊತೆಗೆ ನಡೆದೆ. ಒಮ್ಮೆ ಬಾಯಿ ಸುಟ್ಟುಕೊಂಡವಳು ನಾನು. ಮಾಸ್ತರರು, ಇಂದ್ರಾಬಾಯಿಯ ಜೊತೆ ನಾಗಮ್ಮನೂ ಬಂದಿದ್ದಳು. ಸ್ಟುಡಿಯೋದವನು ಆಕೆಯನ್ನು ನೋಡಿದ್ದೇ ಗುರುತು ಹಿಡಿದು, 'ಬರ್ರಿ ಅಮ್ಮಾರ, ಕುಂದರ್ರಿ' ಎಂದು ಸ್ಟೂಲು ಎಳೆದ. 'ನನಗಲ್ಲೋ ಖೋಡಿ, ಈಕಿಗಿ' ಎಂದು ಮುದುಕಿ ಇಂದ್ರಾಬಾಯಿಯ ಭುಜ ಹಿಡಿದು ಕೂರಿಸಿದಳು. ಆಕೆಯ ಸೆರಗು ಸರಿ ಮಾಡಿದಳು. ಆಮೇಲೆ ತನ್ನ ಸೊಂಟದ ಕೀಲಿಗೊಂಚಲು ಬಿಚ್ಚಿ, ಇಂದ್ರಾಬಾಯಿಯ ಸೊಂಟಕ್ಕೆ ಸಿಕ್ಕಿಸಿದಳು. ಆಕೆ ತಡೆಯಲಿಲ್ಲ. ಫೋಟೋ ಆಯಿತು. ಇಂದ್ರಾಬಾಯಿ ಎದ್ದು ನಿಂತು ಗೊಂಚಲನ್ನು ತೆಗೆದು ವಾಪಸ್ಸು ಕೊಟ್ಟಳು.

'ಇರ್ಲಿ ಬಿಡು, ನಿನ್ನ ಹಂತ್ಯಾಕೇ' ಎಂದಳು ನಾಗಮ್ಮ.

'ನನ್ನ ಮನಿ ಕೀಲಿ ನನ್ನ ಹಂತ್ಯಾಕ ಅದ ನಾಗಕ್ಕ. ಒಮ್ಮೆ ಕೊಟ್ಯಲ್ಲ, ಸಾಕು.'

ಹೊಸ ಫೋಟೋ ಹಚ್ಚುವಾಗ ಇಂದ್ರಾಬಾಯಿ ನನ್ನ ಮೇಜಿನೆದುರೇ ಕೂತಿದ್ದಳು. ಹಳೆಯದನ್ನು ಹರಿದು ಬಿಸಾಡುವ ಹಾಗಿಲ್ಲ, ಫೈಲಿನಿಂದ ಏನನ್ನೂ ಕೀಳಬಾರದು. ಅದರ ಮೇಲೆ ಕೆಂಪು ಶಾಯಿಯಲ್ಲಿ ಅಡ್ಡ ಗೆರೆ ಎಳೆದು 'ರದ್ದು' ಎಂದು ಬರೆಯಬೇಕು. ಗೆರೆ ನಾಗಮ್ಮನ ಮುಖದ ಮೇಲೆ ಹೋಗುವುದನ್ನು ನೋಡಿ ಇಂದ್ರಾಬಾಯಿ, 'ಜರಾ ಬಾಜೂಕ ಎಳೀರಿ ಮೇಡಂ, ಮಾರಿ ಮ್ಯಾಲ ಬ್ಯಾಡ' ಎಂದಳು. ಬದಿಗೆ ಎಳೆದೆ. ಅಲಮಾರಿಯಲ್ಲಿದ್ದ ಹಣ್ಣಿನ ವಾಸನೆ ಆ ದಿನ ಬಹಳ ಚಂದ ಅನ್ನಿಸಿತು. ಎಳ್ಳಮಾಸಿಗೆ ಆಕೆಯ ಹೊಲದಲ್ಲಿ ಭಜ್ಜಿ, ಸಜ್ಜಿ ಕಡಬು ಹೊಟ್ಟೆ ತುಂಬ ಉಂಡು ಬಂದೆ. ಬೇಸಿಗೆ ಬರುವುದರೊಳಗೆ ನನ್ನನ್ನು ಕಲಬುರಗಿಗೆ ವರ್ಗ ಮಾಡಿದರು.

ಮಲ್ಕಪ್ಪ ಮಾಸ್ತರರು ತೀರಿಕೊಂಡ ಸುದ್ದಿಯನ್ನು ಹೋದ ವರ್ಷ ಮೆಹಬೂಬ್ ಸಾಬರು ಫೋನಿನಲ್ಲಿ ಹೇಳಿದ್ದರು. ಕುಟುಂಬ ಪಿಂಚಣಿ ಒಂದೇ ಒಂದು ತಕರಾರಿಲ್ಲದೆ ಇಂದ್ರಾಬಾಯಿ ಹೆಸರಿಗೆ ಆಯಿತೆಂದೂ ಹೇಳಿದರು. ನನಗೆ ಸಮಾಧಾನವಾಯಿತು. ಜೊತೆಗೆ ಒಂದು ಮುಳ್ಳೂ ಉಳಿಯಿತು. ಬೇವಿನ ಕಟ್ಟೆಯ ಮೇಲೆ ಆ ಮನುಷ್ಯ ಕೇಳಿದ ಪ್ರಶ್ನೆಗೆ ಕೋರ್ಟೂ ಉತ್ತರ ಕೊಟ್ಟಿರಲಿಲ್ಲ, ನನ್ನ ಫೈಲೂ ಕೊಟ್ಟಿರಲಿಲ್ಲ. ಮುದುಕಿಯ ಗತಿ ಏನಾಯಿತೋ ಎಂದು ಫೋನಿನಲ್ಲಿ ಕೇಳಲು ನನಗೆ ಧೈರ್ಯವಾಗಲಿಲ್ಲ.

ನಿನ್ನೆ ಕಮಲಾಪುರದಲ್ಲಿ ಕಾರು ಇಳಿದವಳು ನೇರ ಬಸ್‌ಸ್ಟ್ಯಾಂಡಿನ ಬದಿಗೆ ಹೋದೆ. ಇಂದ್ರಾಬಾಯಿ ಹಣ್ಣಿನ ರಾಶಿಯ ಹಿಂದೆ ಇದ್ದಳು, ಕೂದಲು ಪೂರ್ತಿ ಬೆಳ್ಳಗಾಗಿತ್ತು. ಆಕೆಯ ಪಕ್ಕದಲ್ಲಿ, ನೆರಳು ಹೆಚ್ಚಿದ್ದ ಕಡೆ, ಗೋಣಿ ಮಡಿಚಿ ಹಾಸಿದ ಮೆತ್ತನೆ ಜಾಗದಲ್ಲಿ ನಾಗಮ್ಮ ಕೂತಿದ್ದಳು. ಗಿರಾಕಿಗಳಿಗೆ ಹಣ್ಣು ಎಣಿಸಿ ಕೊಡುತ್ತಿದ್ದಳು, ಪ್ರತಿಯೊಬ್ಬರಿಗೂ ಒಂದೊಂದು ಹೆಚ್ಚಿಗೆ. 'ಹಿಂಗ ಕೊಟ್ರ ಅಂಗಡಿ ಮುಚ್ಚಬೇಕಾಗ್ತದ' ಎಂದು ಇಂದ್ರಾಬಾಯಿ ಬೈಯುತ್ತಿದ್ದಳು.

ಇವರು ಇಲ್ಲಿ ಯಾವಾಗಿನಿಂದ ಎಂದು ಕೇಳಿದೆ.

'ಅಂವನ ದಿನಕರ್ಮ ಮುಗಿದ ಮರುದಿನಾನೇ ಕರ್ಕೊಂಡ ಬಂದೀನ್ರಿ' ಎಂದಳು ಇಂದ್ರಾಬಾಯಿ. 'ಬರಂಗಿಲ್ಲ ಅಂತ ಹಟಾ ಮಾಡಿದ್ಳು. ನಾ ಹೇಳ್ದೆ, ಸರಕಾರದ ಫೈಲಿನ್ಯಾಗೇ ನಾವಿಬ್ರೂ ಅದೀವಿ, ಮನಿಯಾಗ ಒಬ್ಬಾಕಿನೇ ಹ್ಯಾಂಗ ಇರ್ಲಿ ಅಂತ.'

ನಾನು ಮೊಬೈಲ್ ತೆಗೆದು, ಇಬ್ಬರೂ ಹತ್ತಿರ ಸರಿಯಿರಿ, ಒಂದು ಫೋಟೋ ತೆಗೆಯುತ್ತೇನೆ ಎಂದೆ. ಇಂದ್ರಾಬಾಯಿ ಸರಿದು ಕೂತಳು. ನಾಗಮ್ಮ ಸೆರಗು ಹಿಂದಕ್ಕೆ ಹಾಕಿ, ಪೂರ್ತಿ ಮುಖ ನನ್ನ ಕಡೆ ಮಾಡಿದಳು.

'ತಗಿಯವ್ವ' ಎಂದಳು. 'ಈ ಸಲಾದ್ರೂ ಹೆಸರ ಕೇಳಿ ಬರಿ.'